ಅಣ್ಣನ ಹಾಜರಿ

ನಮ್ಮ ಮೊಮ್ಮಗನಿಗೆ ನನ್ನ ಅಣ್ಣನ ಹೆಸರಿಟ್ಟಿದ್ದಾರೆ. ಸೊಸೆ ಅವನನ್ನು ಊಟಕ್ಕೆ ಕೂಗಿದರೆ ಸಾಕು, ಕೂತಲ್ಲಿಂದ ನಾನೇ ಏಳುತ್ತೇನೆ. ಮಂಡಿ ನೋವು, ಎದ್ದಮೇಲೆ ಸಿಟ್ಟು ಬರುತ್ತದೆ. ‘ನಿಮ್ಮನ್ನಲ್ಲ ಮಾವ, ಹುಡುಗನ್ನ ಕರೆದಿದ್ದು’ ಎಂದು ಆಕೆ ನಗುತ್ತಾಳೆ. ನಗಲಿ ಪಾಪ, ಅವಳಿಗೇನು ಗೊತ್ತು. ಆ ಹೆಸರಿಗೆ ಎದ್ದು ನಿಲ್ಲುವ ಚಾಳಿ ನನಗೆ ಅಂಟಿದ್ದು ಭದ್ರಾವತಿಯ ಪೊಲೀಸ್ ಠಾಣೆಯ ಅಂಗಳದಲ್ಲಿ.

ನಾವು ಕೊರಮರು. ಬಿದಿರು ಸೀಳಿ ಮೊರ, ಬುಟ್ಟಿ ಹೆಣೆಯುವವರು. ಗೌರಿ ಹಬ್ಬದ ಬಾಗಿನಕ್ಕೆ ನಮ್ಮ ಮೊರವೇ ಆಗಬೇಕೆಂದು ಊರಿನ ಹೆಂಗಸರು ಹಟ್ಟಿಯ ತನಕ ಹುಡುಕಿಕೊಂಡು ಬರುತ್ತಿದ್ದರು. ಹಬ್ಬ ಕಳೆದ ಮೇಲೆ ಅದೇ ಹೆಂಗಸರು ನಾವು ಬೀದಿಯಲ್ಲಿ ಕಂಡರೆ ಓಡಿಹೋಗಿ ಹಿತ್ತಲ ಬಾಗಿಲಿಗೆ ಚಿಲಕ ಹಾಕುತ್ತಿದ್ದರು. ಆಗ ಒಂದು ಕಾಯಿದೆ ಇತ್ತು. ಅದರ ಪ್ರಕಾರ ನಮ್ಮ ಜಾತಿಯೇ ಕಳ್ಳರ ಜಾತಿ. ಕಳ್ಳತನ ಮಾಡಲೇಬೇಕು ಅಂತೇನೂ ಇರಲಿಲ್ಲ, ಹುಟ್ಟಿದ್ದರೆ ಸಾಕಾಗಿತ್ತು. ವಯಸ್ಸಿಗೆ ಬಂದ ಗಂಡಸರೆಲ್ಲ ಬೆಳಗಾದರೆ ಠಾಣೆಗೆ ಹೋಗಿ ಸಾಲಾಗಿ ಕುಕ್ಕರಗಾಲಿನಲ್ಲಿ ಕೂರಬೇಕು. ಹೆಸರು ಕೂಗಿದವನು ಎದ್ದು ‘ಬಂದಿದ್ದೀನಿ ಬುದ್ಧಿ’ ಅನ್ನಬೇಕು. ಇದಕ್ಕೆ ಹಾಜರಿ ಅಂತ ಹೆಸರು. ಪಕ್ಕದ ಊರಿನಲ್ಲಿ ನೆಂಟರು ಸತ್ತರೆ ಮಣ್ಣಿಗೆ ಹೋಗುವುದಕ್ಕೂ ಠಾಣೆಯ ಚೀಟಿ ಬೇಕಿತ್ತು. ಚೀಟಿ ಸಿಗುವಷ್ಟರಲ್ಲಿ ಅಲ್ಲಿ ಮಣ್ಣು ಮುಚ್ಚಿ ಎಲ್ಲರೂ ಮನೆ ಸೇರಿರುತ್ತಿದ್ದರು.

ಯುದ್ಧ ಶುರುವಾಗಿ ಕಬ್ಬಿಣಕ್ಕೆ ಬೆಲೆ ಬಂದಾಗ ನಮ್ಮೂರಿನ ಕಬ್ಬಿಣದ ಕಾರ್ಖಾನೆಗೆ ಆಳು ಸಾಲದೆ ಹೋಯಿತು. ಯಾವ ಜಾತಿ ಎಂದು ಕೇಳುವ ಪುರಸೊತ್ತೂ ಅವರಿಗೆ ಇರಲಿಲ್ಲ. ಅಣ್ಣ ಹೋಗಿ ಕುಲುಮೆಯ ಹತ್ತಿರ ಕೂಲಿಗೆ ಸೇರಿದ. ಅವನು ಒಳ್ಳೆ ಎತ್ತರದ ಆಳು, ಮುಖದ ತುಂಬ ಸಿಡುಬಿನ ಕಲೆ, ಯಾವಾಗಲೂ ತಲೆಗೊಂದು ಕೆಂಪು ರುಮಾಲು. ಬೇರೆಯವರು ನಿಲ್ಲಲಾಗದ ಬಿಸಿಯಲ್ಲಿ ಅವನು ನಿಲ್ಲುತ್ತಿದ್ದ. ಮದರಾಸು ಕಡೆಯ ಮೇಸ್ತ್ರಿಗೆ ಅವನೆಂದರೆ ಬಲು ಇಷ್ಟ. ಒಂದು ವರ್ಷ ತಪ್ಪಿಸದೆ, ತಡಮಾಡದೆ ಬಂದರೆ ಖಾಯಂ ಮಾಡಿಸುತ್ತೇನೆ ಎಂದು ಮಾತು ಕೊಟ್ಟಿದ್ದ. ಖಾಯಂ ಆದವರಿಗೆ ಕಾರ್ಖಾನೆಯವರ ನ್ಯೂ ಟೌನಿನಲ್ಲಿ ಒಂದು ಕೋಣೆ ಸಿಗುತ್ತಿತ್ತು. ಅದಕ್ಕಿಂತ ದೊಡ್ಡದು ಇನ್ನೊಂದಿತ್ತು: ಖಾಯಂ ನೌಕರ ಅಂತ ಕಾರ್ಖಾನೆಯ ದೊಡ್ಡ ಸಾಹೇಬರು ಬರೆದುಕೊಟ್ಟರೆ ಹಾಜರಿಯಿಂದ ಹೆಸರು ತೆಗೆಯುತ್ತಾರಂತೆ. ಅಣ್ಣನಿಗೆ ಕೋಣೆಯ ಆಸೆಯಿರಲಿಲ್ಲ. ‘ನನ್ನ ಮಕ್ಕಳು ಆ ಅಂಗಳದಲ್ಲಿ ಕೂರಬಾರದು ಕಣೋ ತಮ್ಮ, ಅಷ್ಟಾದರೆ ಸಾಕು’ ಅನ್ನುತ್ತಿದ್ದ.

ಆದರೆ ಕಾರ್ಖಾನೆಯ ಬೆಳಗಿನ ಪಾಳಿಗೂ ಠಾಣೆಯ ಹಾಜರಿಗೂ ಒಂದೇ ಹೊತ್ತು! ಕಾರ್ಖಾನೆಯ ಸೈರನ್ ಕೂಗುವಾಗ ಅಣ್ಣ ಗೇಟಿನ ಒಳಗಿರಬೇಕು, ಅದೇ ಹೊತ್ತಿಗೆ ಠಾಣೆಯ ಅಂಗಳದಲ್ಲೂ ಇರಬೇಕು. ಹಾಜರಿಗೆ ಸ್ವಲ್ಪ ತಡವಾಗಿ ಬರಲು ಬಿಡಿ ಎಂದು ನಾವಿಬ್ಬರೂ ಆಗಿನ ದಫೇದಾರನ ಕಾಲು ಹಿಡಿದೆವು. ಕೊರಮ ಕೆಲಸಕ್ಕೆ ಹೋಗುತ್ತಾನೆ ಅಂದರೆ ಅವನ ಮೇಲೆ ಇನ್ನೂ ಒಂದು ಕಣ್ಣು ಜಾಸ್ತಿ ಇಡಬೇಕು ಎಂದುಬಿಟ್ಟ. ಇಂಥವರ ಹತ್ತಿರ ಏನು ಮಾತಾಡುವುದು? ಕೆಲಸ ಮಾಡದಿದ್ದರೆ ಸೋಮಾರಿ ಕಳ್ಳ, ಮಾಡಿದರೆ ಜಾಣ ಕಳ್ಳ.

ನಮ್ಮ ಪುಣ್ಯಕ್ಕೆ ಅದೇ ವಾರ ಆ ದಫೇದಾರನಿಗೆ ವರ್ಗವಾಗಿ ಹೊಸಬ ಬಂದ. ಈತ ಹೆಸರು ಕೂಗುವಾಗ ತಲೆ ಎತ್ತುತ್ತಿರಲಿಲ್ಲ. ಕಾಫಿ ಲೋಟ ಒಂದು ಕೈಯಲ್ಲಿ, ಪುಸ್ತಕ ಇನ್ನೊಂದು ಕೈಯಲ್ಲಿ. ಅದನ್ನು ನೋಡಿಯೇ ನನಗೆ ಧೈರ್ಯ ಬಂತು. ಅಣ್ಣನಿಗೆ ಒಂದು ಹಳೆಯ ಕೆಂಪು ರುಮಾಲಿತ್ತು. ಅದನ್ನು ನಾನು ಸುತ್ತಿಕೊಂಡು ಸಾಲಿನ ಮುಂದೆ ಕೂತು, ಅಣ್ಣನ ಹೆಸರಿಗೆ ಎದ್ದು ‘ಬಂದಿದ್ದೀನಿ ಬುದ್ಧಿ’ ಅನ್ನುತ್ತಿದ್ದೆ. ಆಮೇಲೆ ರುಮಾಲನ್ನು ಕಂಕುಳಲ್ಲಿ ತುರುಕಿ ಹಿಂದೆ ಸರಿದು, ಸಾಲಿನ ಕೊನೆಯಲ್ಲಿ ಬರಿದಲೆಯಲ್ಲಿ ನನ್ನ ಹೆಸರಿಗೂ ಎದ್ದು ನಿಲ್ಲುತ್ತಿದ್ದೆ. ನಾನು ಅಣ್ಣನ ಭುಜಕ್ಕೂ ಬರುವವನಲ್ಲ, ಮುಖದಲ್ಲಿ ಒಂದು ಕಲೆಯಿಲ್ಲ. ಹಟ್ಟಿಯವರೆಲ್ಲ ತುಟಿ ಬಿಗಿಹಿಡಿದು ಕೂತಿರುತ್ತಿದ್ದರು. ದಫೇದಾರ ಕಾಫಿ ಹೀರುತ್ತಿದ್ದ. ಹೀಗೆಯೇ ಅಣ್ಣನ ವರ್ಷ ಮುಗಿಯುತ್ತಾ ಬಂತು.

ಅಷ್ಟರಲ್ಲಿ ಶಿವಮೊಗ್ಗದಲ್ಲಿ ಒಬ್ಬ ಮಂಡಿ ಸಾಹುಕಾರರ ಮನೆಯಲ್ಲಿ ಚಿನ್ನದ ಡಾಬು ಕಾಣೆಯಾಯಿತು. ಬೆಳಗ್ಗೆ ಮನೆಮಂದಿಯೆಲ್ಲ ತುಂಗಾ ಹೊಳೆಗೆ ಸ್ನಾನಕ್ಕೆ ಹೋಗಿದ್ದಾಗ ಹೋಯಿತಂತೆ. ಎತ್ತರದ ಕೊರಮನೊಬ್ಬ ಬೀದಿಯಲ್ಲಿ ಹೋಗುತ್ತಿದ್ದ ಎಂದು ಪಕ್ಕದ ಮನೆಯವರು ಹೇಳಿದರಂತೆ. ಎತ್ತರದ ಕೊರಮ ಎಲ್ಲಿದ್ದಾನೆ? ಭದ್ರಾವತಿಯಲ್ಲಿದ್ದಾನೆ. ಮುಗಿಯಿತು. ಶಿವಮೊಗ್ಗದ ಪೊಲೀಸರು ರೈಲಿನಲ್ಲಿ ಬಂದು, ಪಾಳಿ ಬಿಟ್ಟ ಹೊತ್ತಿಗೆ ಕಾರ್ಖಾನೆಯ ಗೇಟಿನಲ್ಲಿ ನೂರಾರು ಜನರ ಎದುರಿಗೆ ಅಣ್ಣನ ಕೈಗೆ ಕೋಳ ಹಾಕಿ ಕರೆದುಕೊಂಡು ಹೋದರು. ವರ್ಷವಿಡೀ ಹಾಜರಿಯಲ್ಲಿ ಅವನ ಎತ್ತರ ಕಾಣೆಯಾಗಿದ್ದದ್ದು ಯಾರ ಕಣ್ಣಿಗೂ ಬೀಳಲಿಲ್ಲ, ಕಳ್ಳ ಬೇಕಾದ ಕೂಡಲೇ ಆ ಎತ್ತರ ಕಣ್ಣಿಗೆ ಬಿತ್ತು ನೋಡಿ.

ಮೇಸ್ತ್ರಿ ದೊಡ್ಡ ಮನುಷ್ಯ. ಒಂದು ದಿನದ ರಜೆ ಹಾಕಿ ಶಿವಮೊಗ್ಗಕ್ಕೆ ಹೊರಟ. ನಾನೂ ಠಾಣೆಯ ರೈಟರನ ಹತ್ತಿರ ಚೀಟಿ ಬರೆಸಿಕೊಂಡು ಅವನ ಜೊತೆ ಹೋದೆ. ಇನ್ಸ್‌ಪೆಕ್ಟರರ ಕೋಣೆಯಲ್ಲಿ ಮೇಸ್ತ್ರಿ ತನ್ನ ಹರಕು ಮುರುಕು ಕನ್ನಡದಲ್ಲಿ, ಆ ಬೆಳಗ್ಗೆ ಈತ ನನ್ನ ಕಣ್ಣೆದುರಿಗೆ ಕುಲುಮೆಯ ಮುಂದಿದ್ದ, ಗೇಟಿನವರನ್ನೂ ಕೇಳಿ ಎಂದ. ನನಗೆ ಜೀವ ಬಂದಂತಾಯಿತು. ಆದರೆ ಇನ್ಸ್‌ಪೆಕ್ಟರರು ನಮ್ಮ ದಫೇದಾರನನ್ನೂ ಕರೆಸಿದ್ದರು. ಅವನು ಸೆಲ್ಯೂಟ್ ಹೊಡೆದು, ಆ ಬೆಳಗ್ಗೆ ಆಸಾಮಿ ಹಾಜರಿಯಲ್ಲಿದ್ದ, ನಾನೇ ಕಣ್ಣಾರೆ ನೋಡಿದ್ದೇನೆ ಎಂದ. ಇಲ್ಲ ಅಂದರೆ ಅವನ ಕೆಲಸಕ್ಕೇ ಸಂಚಕಾರ ಬರುತ್ತಿತ್ತಲ್ಲ.

ನನ್ನ ದಡ್ಡತಲೆಗೆ ಹೊಳೆದದ್ದು ಒಂದೇ: ಇಬ್ಬರಲ್ಲಿ ಯಾರು ಹೇಳಿದ್ದು ನಿಜವಾದರೂ ಅಣ್ಣ ಶಿವಮೊಗ್ಗದಲ್ಲಿ ಇರಲಿಲ್ಲ. ಇನ್ನೇನು ಬಿಟ್ಟುಬಿಡುತ್ತಾರೆ ಅಂದುಕೊಂಡೆ. ಇನ್ಸ್‌ಪೆಕ್ಟರರು ಮೀಸೆ ತೀಡಿಕೊಂಡು ಹೇಳಿದರು:

‘ಒಂದೇ ಹೊತ್ತಲ್ಲಿ ಎರಡು ಕಡೆ ಇರೋ ಅಂಥೋನು ಮೂರನೇ ಕಡೆ ಇರೋದೇನು ದೊಡ್ಡ ವಿಷಯ?’

ಗೋಡೆಗೆ ತಲೆ ಚಚ್ಚಿಕೊಳ್ಳಬೇಕು ಅನ್ನಿಸಿತು. ಹೊಟ್ಟೆಯೊಳಗಿದ್ದುದನ್ನೆಲ್ಲ ಅಲ್ಲೇ ಕಕ್ಕಿಬಿಟ್ಟೆ. ಹಾಜರಿಯಲ್ಲಿ ಅಣ್ಣನ ಹೆಸರಿಗೆ ಎದ್ದು ನಿಲ್ಲುತ್ತಿದ್ದವನು ನಾನು, ಕುಲುಮೆಯಲ್ಲಿದ್ದವನು ಅಣ್ಣ, ಇಬ್ಬರನ್ನೂ ಪಕ್ಕ ಪಕ್ಕ ನಿಲ್ಲಿಸಿ ನೋಡಿ ಎಂದೆ. ಅಣ್ಣ ಹಿಂದುಗಡೆಯ ಲಾಕಪ್ಪಿನಲ್ಲೇ ಇದ್ದ, ಕೂಗಿದರೆ ಕೇಳಿಸುವಷ್ಟು ಹತ್ತಿರ. ದಫೇದಾರನ ಮುಖ ಇದ್ದಿಲಾಯಿತು. ಈ ಜನ ಹಿಂಗೇ ಸ್ವಾಮಿ, ಬಾಯಿ ಬಿಟ್ಟರೆ ಸುಳ್ಳು, ದಿನಾ ನನ್ನ ಮುಂದೆ ನಿಲ್ಲುತ್ತಿದ್ದವನು ಆ ಆಸಾಮಿಯೇ ಎಂದು ಇನ್ನೊಮ್ಮೆ ಒತ್ತಿ ಹೇಳಿದ. ಪಕ್ಕ ಪಕ್ಕ ನಿಲ್ಲಿಸುವ ತೊಂದರೆಯನ್ನು ಯಾರೂ ತೆಗೆದುಕೊಳ್ಳಲಿಲ್ಲ. ‘ನಿಮ್ಮ ಮುಖದಲ್ಲಿ ನೋಡೋಕೆ ಏನಿದೆಯೋ?’ ಎಂದು ಇನ್ಸ್‌ಪೆಕ್ಟರರು ನನ್ನನ್ನು ಹೊರಗೆ ದಬ್ಬಿಸಿದರು.

ಡಾಬು ಕೊನೆಗೆ ಸಾಹುಕಾರರ ಮನೆಯ ಅಕ್ಕಿ ಡಬ್ಬದಲ್ಲೇ ಸಿಕ್ಕಿತು. ಬೀದಿಯಲ್ಲಿ ಕೊರಮರು ಓಡಾಡುತ್ತಾರೆ ಎಂದು ಹೆದರಿ, ಹೊಳೆಗೆ ಹೋಗುವ ಮುಂಚೆ ಆ ಯಜಮಾನಿಯೇ ಅಕ್ಕಿಯೊಳಗೆ ಹೂತಿಟ್ಟು ಮರೆತಿದ್ದರಂತೆ! ನಮಗೆ ಹೆದರಿ ಬಚ್ಚಿಟ್ಟದ್ದು ಅವರು, ಅದಕ್ಕೆ ಒದೆ ತಿಂದದ್ದು ಅಣ್ಣ. ತಪ್ಪಾಯಿತು ಎಂದು ಒಬ್ಬರೂ ಅನ್ನಲಿಲ್ಲ. ಹೋಗೋ, ಇನ್ನು ಮೇಲೆ ಸರಿಯಾಗಿರು ಎಂದು ಕಳಿಸಿದರಂತೆ. ಯಾವುದರಲ್ಲಿ ಸರಿಯಾಗಿರಬೇಕಿತ್ತೋ ದೇವರಿಗೇ ಗೊತ್ತು.

ಅಣ್ಣ ರೈಲಿಳಿದವನೇ ಮನೆಗೂ ಬಾರದೆ ಕಾರ್ಖಾನೆಗೆ ಹೋದ. ಅವನ ಜಾಗಕ್ಕೆ ಬೇರೆಯವನನ್ನು ತೆಗೆದುಕೊಂಡಿದ್ದರು. ಮೇಸ್ತ್ರಿ ತಲೆ ತಗ್ಗಿಸಿ, ಕೋಳ ಹಾಕಿದ್ದನ್ನು ಎಲ್ಲರೂ ನೋಡಿಬಿಟ್ಟರಲ್ಲಪ್ಪ, ಮೇಲಿನವರು ಕೇಳುವುದಿಲ್ಲ ಎಂದನಂತೆ. ಖಾಯಂ ಹೋಯಿತು, ಕೂಲಿಯೂ ಹೋಯಿತು. ಅತ್ತಿಗೆ ಗೋಳೋ ಎಂದು ಅತ್ತಳು. ಅಣ್ಣ ಮೂಲೆಯಲ್ಲಿದ್ದ ಬಿದಿರು ಎಳೆದುಕೊಂಡು ಸೀಳುವುದಕ್ಕೆ ಕೂತ.

ಮಾರನೆಯ ಬೆಳಗ್ಗೆ ಅಣ್ಣ ಎಷ್ಟೋ ತಿಂಗಳ ಮೇಲೆ ಹಾಜರಿಗೆ ಬಂದು, ತನ್ನ ರುಮಾಲು ತಾನೇ ಸುತ್ತಿಕೊಂಡು ನನ್ನ ಪಕ್ಕದಲ್ಲಿ ಕೂತ. ದಫೇದಾರ ಅವನ ಹೆಸರು ಕೂಗಿದ. ಅಣ್ಣ ಎದ್ದು ‘ಬಂದಿದ್ದೀನಿ ಬುದ್ಧಿ’ ಎಂದ. ಅವತ್ತು ದಫೇದಾರ ತಲೆ ಎತ್ತಿದ. ಅಣ್ಣನನ್ನು ನೋಡಿದ, ನನ್ನನ್ನು ನೋಡಿದ. ಅವನಿಗೆ ಎಲ್ಲವೂ ಅರ್ಥವಾಗಿತ್ತು, ಅದು ಅವನ ಕಣ್ಣಲ್ಲೇ ಕಾಣುತ್ತಿತ್ತು. ಹತ್ತಿರ ಬಂದು ಅಣ್ಣನಿಗೆ ಮೆಲ್ಲಗೆ ಹೇಳಿದ:

‘ದಿನಾ ನನ್ನ ಮುಂದೆ ನಿಲ್ತಿದ್ದೋನೇ ಈ ಹೆಸರಿನೋನು ಅಂತ ಇನ್ಸ್‌ಪೆಕ್ಟರ್ ಸಾಹೇಬ್ರ ಮುಂದೆ ಹೇಳಿದೀನಿ. ನೀನು ಅವನಲ್ಲ. ಕೂತ್ಕೋ.’

ಆಮೇಲೆ ನನ್ನ ಕಡೆ ತಿರುಗಿ ಅಣ್ಣನ ಹೆಸರನ್ನು ಇನ್ನೊಮ್ಮೆ ಕೂಗಿದ.

ನನಗೆ ಕೆಂಡದಂಥ ಸಿಟ್ಟು ಬಂದು ಬಾಯಿ ತೆರೆಯುವುದರಲ್ಲಿದ್ದೆ. ಅಣ್ಣ ನನ್ನ ಕೈ ಅದುಮಿದ. ತಲೆಯ ರುಮಾಲು ಬಿಚ್ಚಿ ನನ್ನ ಮಡಿಲಿಗೆ ಹಾಕಿದ. ನಾನು ಅದನ್ನು ಸುತ್ತಿಕೊಂಡು ಎದ್ದು ನಿಂತು ‘ಬಂದಿದ್ದೀನಿ ಬುದ್ಧಿ’ ಎಂದೆ. ಸಾಲಿನ ಕೊನೆಯಲ್ಲಿ ನನ್ನ ಹೆಸರು ಕೂಗಿದಾಗ ಅಣ್ಣ ಬರಿದಲೆಯಲ್ಲಿ ಎದ್ದ.

ಅವತ್ತಿನಿಂದ ಅದೇ ಕ್ರಮವಾಯಿತು. ಕೆಲವು ವರ್ಷಕ್ಕೆ ಅಣ್ಣ ಕೆಮ್ಮಿ ಕೆಮ್ಮಿ ತೀರಿಕೊಂಡ. ಠಾಣೆಯಲ್ಲಿ ನನ್ನ ಹೆಸರು ಹೊಡೆದುಹಾಕಿದರು. ಕಾಯಿದೆ ತೆಗೆಯುವ ತನಕ ನಾನು ದಿನಾ ಬೆಳಗ್ಗೆ ಹೋಗಿ ಅಣ್ಣನ ಹೆಸರಿಗೆ ಎದ್ದು ನಿಂತೆ.