ಬಾಗಿಲ ಬಳಿಯ ನಗು

ಮಾಬ್ಲೇಶ್ವರ ಅಂಬಿಗನ ನಗು ಅಪ್ಪನಿಂದ ಬಂದದ್ದು. ಅಪ್ಪ ಅಘನಾಶಿನಿ ಊರಿನಿಂದ ಹೊಳೆಯ ಆಚೆ ದಡದ ತದಡಿಗೆ ಜನರನ್ನು ದೋಣಿಯಲ್ಲಿ ದಾಟಿಸುತ್ತಿದ್ದವನು. ಹೊಳೆಯ ಅಗಲಕ್ಕೆ ಕೇಳಬೇಕೆಂದರೆ ಕೂಗು ಹೊಟ್ಟೆಯಿಂದ ಏಳಬೇಕು. ಆ ಮನೆಯಲ್ಲಿ ನಗುವೂ ಅಲ್ಲಿಂದಲೇ ಏಳುತ್ತಿತ್ತು. ಕುಮಟಾದ ಕಾಲೇಜೊಂದರಲ್ಲಿ ಅಟೆಂಡರ್ ಆಗಿ ಸೇರಿದಾಗ ಮಾಬ್ಲೇಶ್ವರನಿಗೆ ಇಪ್ಪತ್ತಾರು ವರ್ಷ. ಅವನು ಆಫೀಸಿನಲ್ಲಿ ನಕ್ಕರೆ ಲೈಬ್ರರಿಯಲ್ಲಿ ಓದುತ್ತಿದ್ದವರು ತಲೆ ಎತ್ತುತ್ತಿದ್ದರು. “ಏ ಮಾಬ್ಲ, ಇದು ಹೊಳೆ ಅಲ್ಲ ಮಾರಾಯಾ, ಕಾಲೇಜು” ಎಂದು ಹೆಡ್ ಕ್ಲರ್ಕ್ ವಾರಕ್ಕೊಮ್ಮೆಯಾದರೂ ನೆನಪಿಸಬೇಕಾಗುತ್ತಿತ್ತು.

ನೋಟೀಸು ಪುಸ್ತಕ ಹಿಡಿದು ತರಗತಿಯಿಂದ ತರಗತಿಗೆ ಹೋಗುವುದು ಅವನ ಕೆಲಸ. ಅದಕ್ಕೊಂದು ರೀತಿಯಿತ್ತು. ಬಾಗಿಲಲ್ಲಿ ನಿಲ್ಲಬೇಕು. ಪಾಠ ಮಾಡುವವರು ಹೇಳುತ್ತಿದ್ದುದನ್ನು ಮುಗಿಸಿ ಕರೆದ ಮೇಲೆ ಒಳಗೆ ಹೋಗಬೇಕು. ಅವರು ನೋಟೀಸು ಓದಿ ಹೇಳಿ ಸಹಿ ಹಾಕುವ ತನಕ ಮೇಜಿನ ಪಕ್ಕ ಕಾಯಬೇಕು. ಉಳಿದವರೆಲ್ಲ ಬೇಗ ಕರೆಯುತ್ತಿದ್ದರು. ಇಂಗ್ಲಿಷಿನ ಮಧುಸೂದನ ಹೆಗಡೆ ಸರ್ ಮಾತ್ರ ವಾಕ್ಯವನ್ನು ಅರ್ಧಕ್ಕೆ ಬಿಡುವವರಲ್ಲ.

ಸೇರಿದ ಎರಡನೆಯ ತಿಂಗಳ ಒಂದು ಶುಕ್ರವಾರ ಅವನು ಹಾಗೆ ಬಾಗಿಲಲ್ಲಿ ನಿಂತಿದ್ದ. ಕೊನೆಯ ವರ್ಷದ ಬಿ.ಎ. ತರಗತಿ, ಪಾಠ, ಇಂಗ್ಲಿಷ್ ಸಾಹಿತ್ಯದ ಹಾಸ್ಯ ಪರಂಪರೆ. ಸರ್ ದಪ್ಪ ಪುಸ್ತಕವೊಂದರಿಂದ ಏನನ್ನೋ ಓದಿದರು. ಓದಿದ ಪುಟದಲ್ಲಿ ತೋರುಬೆರಳಿಟ್ಟು ಪುಸ್ತಕ ಮುಚ್ಚಿ, ಕಿಟಕಿಯಾಚೆಯ ಗೇರುಗುಡ್ಡದ ಕಡೆ ನೋಡಿದರು. ಮಕ್ಕಳೆಲ್ಲ ತಲೆ ತಗ್ಗಿಸಿ, ಓದಿದ್ದನ್ನು ನೋಟ್ಸಿಗೆ ಇಳಿಸಿಕೊಳ್ಳುತ್ತಿದ್ದರು. ಪೆನ್ನುಗಳ ಸದ್ದು ಬಿಟ್ಟರೆ ಬೇರೇನಿಲ್ಲ. ಸರ್ ಗುಡ್ಡ ನೋಡುತ್ತಲೇ ಇದ್ದರು.

ಮಾಬ್ಲೇಶ್ವರನಿಗೆ ಅಪ್ಪ ಕಂಡ. ಮಳೆಗಾಲದ ಮಧ್ಯಾಹ್ನ ದಾಟುವವರು ಒಬ್ಬರೂ ಇಲ್ಲದಾಗ ಅಪ್ಪ ಹೀಗೆಯೇ ಹುಟ್ಟನ್ನು ತೊಡೆಯ ಮೇಲಿಟ್ಟುಕೊಂಡು ರಸ್ತೆಯ ಕಡೆ ನೋಡುತ್ತ, ಕಾಯುತ್ತಿಲ್ಲವೆಂಬಂತೆ ಕಾಯುತ್ತಿದ್ದ. ಸರ್ ಓದಿದ್ದರಲ್ಲಿ ಒಂದಕ್ಷರವೂ ಅವನಿಗೆ ತಿಳಿದಿರಲಿಲ್ಲ. ನಗು ಬಂದದ್ದೂ ಅಲ್ಲ. ಇಗೋ ಒಬ್ಬ ಬಂದೆ ಎಂದು ದೂರದಿಂದ ಕೂಗುವ ಹಾಗೆ, ಅವನೇ ಒಂದು ನಗುವನ್ನು ಕಳಿಸಿದ.

ಮಕ್ಕಳು ಬೆಚ್ಚಿಬಿದ್ದರು. ಬಾಗಿಲ ಕಡೆ ತಿರುಗಿ, ಅವನ ಮುಖ ನೋಡಿ, ಅವರೂ ನಕ್ಕರು. ಸರ್ ಕಿಟಕಿಯಿಂದ ಕಣ್ಣು ತೆಗೆದರು.

“ಅಂತೂ ಒಬ್ಬನಿಗೆ ಮುಟ್ಟಿತು. ಎಂತ ನಿನ್ನ ಹೆಸರು?”

ಅಲ್ಲಿಂದ ಶುಕ್ರವಾರದ ಮೂರನೆಯ ಪೀರಿಯಡ್ಡಿಗೆ ನೋಟೀಸು ಇರಲಿ ಇಲ್ಲದಿರಲಿ, ಮಾಬ್ಲೇಶ್ವರ ಆ ಬಾಗಿಲಲ್ಲಿ ಇರುತ್ತಿದ್ದ. ಬೆರಳು ಪುಸ್ತಕದೊಳಗೆ ಹೋಯಿತು, ಕಣ್ಣು ಗುಡ್ಡಕ್ಕೆ ಹೋಯಿತು ಎಂದರೆ ನಗಬೇಕು. ಅಷ್ಟೇ ಅವನ ವಿದ್ಯೆ. ಅವನು ನಕ್ಕರೆ ಮಕ್ಕಳು ನಗುತ್ತಿದ್ದರು, ಮಕ್ಕಳು ನಕ್ಕರೆ ಸರ್‌ಗೆ ಹುರುಪು ಬಂದು ಕನ್ನಡದಲ್ಲಿ ನಾಲ್ಕು ಮಾತು ಬಿಡಿಸಿ ಹೇಳುತ್ತಿದ್ದರು. “ಮನೆಗೆ ಬೆಂಕಿ ಬಿದ್ದಾಗ ಸ್ವಲ್ಪ ಸೆಖೆ ಅನ್ನಬೇಕು, ಅದು ಇವರ ಹಾಸ್ಯ. ಹೇಳುವವ ನಗಬಾರದು. ಹೇಳುವವನೇ ನಕ್ಕರೆ ಕೇಳುವವನ ಪಾಲನ್ನೂ ಇವನೇ ಉಂಡ ಹಾಗೆ.” ಸರ್ ತಾವೂ ಹಾಗೆಯೇ ಇದ್ದರು. ಅಷ್ಟು ವರ್ಷಗಳಲ್ಲಿ ಅವರು ನಕ್ಕದ್ದನ್ನು ಯಾರೂ ನೋಡಿರಲಿಲ್ಲ.

ಕನ್ನಡದ ಆ ನಾಲ್ಕು ಮಾತು ಮಾತ್ರ ಮಾಬ್ಲೇಶ್ವರನ ಜೊತೆ ಸಂಜೆಯ ಬಸ್ಸು ಹತ್ತಿ ಅಘನಾಶಿನಿಗೆ ಬರುತ್ತಿತ್ತು. ಒಂದು ಜೂನ್‌ನಲ್ಲಿ ಗಾಳಿಗೆ ಅಡುಗೆಮನೆಯ ಅರ್ಧ ಹಂಚು ಹಾರಿಹೋದಾಗ ಅವನು ಮೇಲೆ ನೋಡಿ, ಮುಖ ಗಟ್ಟಿಮಾಡಿಕೊಂಡು, “ಒಳಗೆ ಸ್ವಲ್ಪ ಗಾಳಿ ಆಡ್ತದೆ, ಅಲ್ವಾ?” ಎಂದ. ಹೆಂಡತಿ ಸೋಮಿ ಹೊಳೆಯಲ್ಲಿ ಬಳಚಿನ ಚಿಪ್ಪು ಆರಿಸಿ ಪೇಟೆಯಲ್ಲಿ ಮಾರುವವಳು. ಬಾಯಲ್ಲಿ ಅವಳನ್ನು ಮೀರಿಸಿದವರಿಲ್ಲ. “ಹಂಚು ಹಾರಿಹೋತು, ಇವ್ನಿಗೆ ಗಾಳಿ ಆಡ್ತದ್ಯಂತೆ! ಕಾಲೇಜಲ್ಲಿ ಇದನ್ನೇ ಕಲಿಸ್ತಾರಾ?” ಎಂದು ಸೌಟು ಎತ್ತಿದಳು. ಎರಡು ದಿನ ಬಿಟ್ಟು ನೆರೆಯವಳೊಡನೆ ಅದನ್ನೇ ಹೇಳಿಕೊಂಡು ಸೆರಗು ಬಾಯಿಗಿಟ್ಟು ನಗುತ್ತಿದ್ದಳು.

ಇಪ್ಪತ್ತೆರಡು ವರ್ಷ ಹೀಗೆ ನಡೆಯಿತು. ಸರ್ ನಿವೃತ್ತರಾದ ದಿನ ಮೈಕಿನ ಮುಂದೆ ಹೆಚ್ಚು ಮಾತಾಡಲಿಲ್ಲ. “ನನ್ನ ತರಗತಿಯಲ್ಲಿ ಪ್ರತಿ ಸಲವೂ ಸರಿಯಾದ ಜಾಗದಲ್ಲಿ ನಕ್ಕವ ಒಬ್ಬನೇ. ಅವ ಬೆಂಚಿನಲ್ಲಿ ಇರಲಿಲ್ಲ, ಬಾಗಿಲಲ್ಲಿದ್ದ. ಅವನಿಲ್ಲದಿದ್ದರೆ ನಾನು ಎಂದೋ ಈ ಪಾಠ ಬಿಡುತ್ತಿದ್ದೆ” ಎಂದರು. ಎಲ್ಲರೂ ತಿರುಗಿ ಚಪ್ಪಾಳೆ ತಟ್ಟಿದರು. ಚಹದ ಟ್ರೇ ಹಿಡಿದಿದ್ದ ಮಾಬ್ಲೇಶ್ವರನಿಗೆ ಟ್ರೇಯ ಹಿಂದೆ ಅಡಗಲು ಜಾಗ ಸಾಲಲಿಲ್ಲ. ಅವತ್ತೇ ಹೇಳಬೇಕಿತ್ತು. ಚಪ್ಪಾಳೆಯ ನಡುವೆ ಹೇಳುವುದು ಹೇಗೆ?

ಕಳೆದ ವರ್ಷ ಮಾಬ್ಲೇಶ್ವರನೂ ನಿವೃತ್ತನಾದ. ಈ ಬೇಸಿಗೆಯಲ್ಲಿ ಸರ್ ಫೋನು ಬಂತು. ಅವರು ಈಗ ಹೊನ್ನಾವರದಲ್ಲಿ ಮಗಳು ರೂಪಾಳ ಮನೆಯಲ್ಲಿದ್ದಾರೆ. ಕಣ್ಣಿನ ಒತ್ತಡ ಏರಿ ಏರಿ ಎರಡೂ ಕಣ್ಣು ಹೋಗಿವೆ. “ಶರ್ಮಿಳಾ ಶನಿವಾರ ಬಂದು ಓದುತ್ತೇನೆ ಎಂದಿದ್ದಾಳೆ. ನೀನೂ ಬಾ. ಓದುವವರು ಸಿಗ್ತಾರೆ ಮಾರಾಯಾ, ನಗುವವರು ಸಿಗುವುದಿಲ್ಲ.” ಶರ್ಮಿಳಾ ಅವರ ಹಳೆಯ ವಿದ್ಯಾರ್ಥಿನಿ, ಈಗ ಅದೇ ಕಾಲೇಜಿನಲ್ಲಿ ಅದೇ ಪಾಠ ಮಾಡುವವಳು.

ಹೋಗುವ ದಿನ ಮಾಬ್ಲೇಶ್ವರ ಎರಡು ಸಲ ಅಂಗಿ ಬದಲಿಸಿದ.

“ಎಂತ ಮುಖ ಅದು? ಸ್ವಲ್ಪ ಸೆಖೆಯಾ?” ಎಂದಳು ಸೋಮಿ.

“ಸರ್ ಕೈಯಲ್ಲಿ ಪುಸ್ತಕ ಇರೂದಿಲ್ಲ ಕಣೆ. ನಾ ಎಲ್ಲಿ ನಗೂದು?”

ಸೋಮಿಗೆ ಮಾತ್ರ ಸತ್ಯ ಗೊತ್ತಿತ್ತು. ಅವಳು ಸುಮ್ಮನೆ ಅವನ ಕಾಲರು ಸರಿಮಾಡಿದಳು.

ಅವನು ಹೆದರಿದ್ದಂತೆಯೇ ಆಯಿತು. ಶರ್ಮಿಳಾ ಓದುತ್ತ ಹೋದಳು. ಸರ್ ಕೈಗಳನ್ನು ಮಡಿಲಲ್ಲಿಟ್ಟುಕೊಂಡು ಗೋಡೆಗೊರಗಿದ್ದರು. ಬೆರಳಿಗೆ ಪುಸ್ತಕವಿಲ್ಲ, ಕಣ್ಣಿಗೆ ಗುಡ್ಡವಿಲ್ಲ, ಮುಖದಲ್ಲಿ ಏನೂ ಇಲ್ಲ. ಅವಳು ಒಮ್ಮೆ ಉಸಿರಿಗಾಗಿ ನಿಂತಾಗ ನಗುವ ಜಾಗ ಇದೇ ಇರಬೇಕೆಂದು ಮಾಬ್ಲೇಶ್ವರ ನಕ್ಕ. ಅಂಗಳದ ಕಾಗೆಗಳು ಎದ್ದು ಹಾರಿದವು.

ಸರ್ ನಿಧಾನವಾಗಿ ಅವನ ಕಡೆ ಮುಖ ತಿರುಗಿಸಿದರು. “ನಾಯಿ ಸತ್ತದ್ದಕ್ಕೆ ನಕ್ಕೆಯಾ?”

“ಅಲ್ಲ ಸರ್. ಕೆಮ್ಮು ಬಂತು.”

ಗೇಟಿನ ಹೊರಗೆ ಶರ್ಮಿಳಾ ಅವನನ್ನು ನಿಲ್ಲಿಸಿದಳು. “ಮಾಬ್ಲಣ್ಣ, ಅಷ್ಟು ದೊಡ್ಡ ಕೆಮ್ಮಾ?” ಅವನು ಎಲ್ಲವನ್ನೂ ಹೇಳಿದ. ಅವಳು ಚಪ್ಪಲಿಯ ತುದಿ ನೋಡುತ್ತ ಕೇಳಿದಳು. ಬೆಂಚಿನಲ್ಲಿ ಕೂತು ಅವನ ನಗುವಿಗೆ ನಗುತ್ತಿದ್ದವರಲ್ಲಿ ಅವಳೂ ಒಬ್ಬಳು. “ನಾವೂ ನಿಮ್ಮನ್ನು ನೋಡಿಯೇ ನಗ್ತಿದ್ದದ್ದು” ಎಂದಳು ಕೊನೆಗೆ. ಆಮೇಲೆ ಇಬ್ಬರೂ ಒಂದು ಒಪ್ಪಂದಕ್ಕೆ ಬಂದರು. ನಗಬೇಕಾದಲ್ಲಿ ಅವಳು ಪುಸ್ತಕದಲ್ಲಿ ಬೆರಳಿಟ್ಟು ಮುಚ್ಚುವುದು.

ಎರಡು ಶನಿವಾರ ಎಲ್ಲ ಸರಿಯಾಗಿ ನಡೆಯಿತು. ಸರ್ ತಲೆಯಾಡಿಸಿ, ತೊಡೆಯ ಮೇಲೆ ತಾಳ ಹಾಕಿದರು. ಅವರ ಮುಖ ಅರಳಿದಷ್ಟೂ ಮಾಬ್ಲೇಶ್ವರ ಬೇರೆ ಕಡೆ ನೋಡುತ್ತಿದ್ದ. ಕಣ್ಣಿದ್ದಾಗಿನ ಮಾತು ಬೇರೆ. ಆಗ ಸರ್ ಬೆರಳಿಡುತ್ತಿದ್ದರು, ಇವನು ನಗುತ್ತಿದ್ದ; ಇಬ್ಬರ ನಡುವೆ ಏನೋ ಒಂದು ಇತ್ತು. ಈಗ ಅವರ ಎದುರಿಗೇ, ಅವರಿಗೆ ಕಾಣದ ಹಾಗೆ, ಸನ್ನೆ ನಡೆಯುತ್ತಿತ್ತು.

ಮೂರನೆಯ ಶನಿವಾರ ಶರ್ಮಿಳಾಳಿಗೆ ಭಟ್ಕಳದಲ್ಲಿ ಪರೀಕ್ಷೆಯ ಕೆಲಸ ಬಿತ್ತು. ಬರುವುದಿಲ್ಲವೆಂದು ಫೋನು ಮಾಡಿದಳು. ಮಾಬ್ಲೇಶ್ವರನಿಗೂ ನೆಪ ಸಿಕ್ಕಿತ್ತು. ಆದರೂ ಹೋದ.

“ಪುಸ್ತಕ ಬೇಡ ಬಿಡು” ಎಂದರು ಸರ್. “ನೀನು ಮೊದಲ ದಿನ ನಕ್ಕೆಯಲ್ಲ, ಆ ಭಾಗ ನನಗೆ ಬಾಯಿಗೆ ಬರುತ್ತದೆ.”

ಇಂಗ್ಲಿಷಿನಲ್ಲಿ ಹೇಳುತ್ತ ಹೋದರು. ಧ್ವನಿ ಸಣ್ಣಗಾಗಿತ್ತು, ಏರಿಳಿತ ಹಾಗೆಯೇ ಇತ್ತು. ಹೇಳಿ ಮುಗಿಸಿದವರೇ ಬಲಗೈಯ ತೋರುಬೆರಳನ್ನು ಎಡಗೈಯ ಮುಷ್ಟಿಯೊಳಗೆ ತೂರಿಸಿ, ಮುಷ್ಟಿ ಬಿಗಿಹಿಡಿದು, ಕಿಟಕಿ ಇದ್ದ ಕಡೆ ಮುಖ ತಿರುಗಿಸಿದರು. ಕಿಟಕಿಯಾಚೆ ರೂಪಾ ಒಣಹಾಕಿದ ಬಟ್ಟೆಗಳಿದ್ದವು. ಸರ್ ಅವುಗಳ ಕಡೆ ನೋಡದೆ ನೋಡುತ್ತಿದ್ದರು.

ಇದೇ ಜಾಗ. ನಗಬೇಕು. ಇಷ್ಟು ಸುಲಭ ಯಾವತ್ತೂ ಇರಲಿಲ್ಲ. ಮಾಬ್ಲೇಶ್ವರನಿಗೆ ನಗು ಏಳಲಿಲ್ಲ.

“ಸರ್” ಎಂದ. “ನನ್ನ ಇಂಗ್ಲಿಷು ಸ್ವಲ್ಪ ಕಡಿಮೆ.”

ಸರ್ ಕಿಟಕಿಯ ಕಡೆಯೇ ಮುಖ ಮಾಡಿಕೊಂಡು ಕೇಳಿದರು. “ಎಷ್ಟು ಕಡಿಮೆ?”

“ಯೆಸ್ ಸರ್, ನೋ ಸರ್ ಬಿಟ್ರೆ ಉಳಿದದ್ದು ಕಡಿಮೆ.”

“ಯಾವಾಗಿನಿಂದ?”

“ಮೊದಲಿಂದ್ಲೂ ಸರ್.”

ಒಳಗೆ ರೂಪಾಳ ಮಿಕ್ಸಿ ನಿಂತಿತು. ಸರ್ ಮುಷ್ಟಿ ಹಾಗೆಯೇ ಇತ್ತು. ಮಾಬ್ಲೇಶ್ವರ ನೆಲದ ಟೈಲ್ಸು ನೋಡಿದ. ಆಮೇಲೆ ಕುರ್ಚಿ ಕಿರುಗುಟ್ಟುವುದು ಕೇಳಿ ತಲೆಯೆತ್ತಿದ. ಸರ್ ಭುಜ ಅಲುಗುತ್ತಿತ್ತು. ಮೊದಲು ಸದ್ದಿರಲಿಲ್ಲ, ಬಂದಾಗ ತೆಳ್ಳಗೆ, ಬಳಸದೆ ಇಟ್ಟ ಬಾಗಿಲು ತೆರೆದ ಹಾಗೆ ಬಂತು. ಸರ್ ನಗುತ್ತಿದ್ದರು. ಕಾಣದ ಕಣ್ಣುಗಳಿಂದ ನೀರು ಇಳಿಯುತ್ತಿತ್ತು.

ರೂಪಾ ಕೈ ಒರೆಸಿಕೊಳ್ಳುತ್ತ ಓಡಿಬಂದಳು. “ಅಪ್ಪಯ್ಯಾ, ಎಂತಾತು?”

“ಎಂತದೂ ಇಲ್ಲೆ” ಎಂದರು ಸರ್ ಉಸಿರು ಹಿಡಿದು. “ಇವಂಗೆ ಇಂಗ್ಲಿಷು ಸ್ವಲ್ಪ ಕಡಿಮೆ ಇದ್ದಡ.”

ಅವಳು ಇಬ್ಬರನ್ನೂ ನೋಡಿ, ಏನೂ ತಿಳಿಯದೆ, ಚಹಕ್ಕೆ ನೀರಿಡಲು ಹೋದಳು. ಸರ್ ಪಂಚೆಯ ತುದಿಯಿಂದ ಕಣ್ಣೊರೆಸಿಕೊಂಡರು.

“ಹಾಗಾದರೆ ಅಷ್ಟು ವರ್ಷ ನಕ್ಕದ್ದು?”

“ನೀವು ಕಾಯ್ತಾ ಇದ್ರಿ ಸರ್.”

ಸರ್ ಕೈ ಚಾಚಿ ಗಾಳಿಯಲ್ಲಿ ಹುಡುಕಿದರು. ಮಾಬ್ಲೇಶ್ವರ ತನ್ನ ಕೈ ಅಲ್ಲಿಗೆ ಒಯ್ದ. ಹಿಡಿದುಕೊಂಡರು, ಬಿಟ್ಟರು.

“ಕೇಳು ಹಾಗಾದರೆ. ಕನ್ನಡದಲ್ಲಿ ಹೇಳ್ತೇನೆ. ಒಬ್ಬ ದೊಡ್ಡ ಮನುಷ್ಯ ಹಡಗಿನಲ್ಲಿ ಹೊರಟಿದ್ದಾನೆ. ಬೆಳಿಗ್ಗೆ ಹಡಗು ಬಂಡೆಗೆ ಬಡಿದು ಒಳಗೆ ನೀರು ನುಗ್ಗುತ್ತಾ ಇದೆ. ಇವ ಇನ್ನೂ ಎದ್ದಿಲ್ಲ. ಇವನ ಆಳು ಕೋಣೆಯ ಬಾಗಿಲು ತಟ್ಟಿ, ಕರೆಯುವ ತನಕ ಕಾದು, ಒಳಗೆ ಬಂದು ಬಾಗಿ ಹೇಳ್ತಾನೆ. ‘ತೊಂದರೆ ಕೊಟ್ಟದ್ದಕ್ಕೆ ಕ್ಷಮಿಸಬೇಕು. ಇವತ್ತು ಸ್ನಾನದ ನೀರನ್ನು ನಾನು ತರುವುದಿಲ್ಲ. ಅದು ತಾನಾಗಿಯೇ ಬರುತ್ತಾ ಇದೆ.’”

ಮಾಬ್ಲೇಶ್ವರ ಮುಂದಕ್ಕೆ ಬಾಗಿ, ಹುಬ್ಬು ಗಂಟಿಕ್ಕಿ ಕೇಳಿದ. “ಹಡಗು ಉಳೀತಾ ಸರ್?”

“ಅದು ಪುಸ್ತಕದಲ್ಲಿಲ್ಲ” ಎಂದರು ಸರ್. “ಮುಂದಿನ ಶನಿವಾರ ಬಾ. ಇನ್ನೂ ಆರುನೂರು ವರ್ಷದ ಹಾಸ್ಯ ಬಾಕಿ ಇದೆ.”

ಸಂಜೆಯ ಬಸ್ಸಿನಲ್ಲಿ ಕಿಟಕಿ ಪಕ್ಕ ಜಾಗ ಸಿಕ್ಕಿತು. ಕರ್ಕಿ ದಾಟಿತು, ಹಳದೀಪುರ ದಾಟಿತು. ಅವನು ಆ ಆಳಿನ ಬಗ್ಗೆಯೇ ಯೋಚಿಸುತ್ತಿದ್ದ. ಬಾಗಿಲಲ್ಲಿ ನಿಂತಿದ್ದಾನೆ. ಒಳಗಿನವರು ಕರೆದಿಲ್ಲ. ನೀರು ಪಾದಕ್ಕೆ ಬಂತು, ಮೊಣಕಾಲಿಗೆ ಬಂತು. ಆದರೂ ಕರೆಯದೆ ಒಳಗೆ ಹೋಗುವ ಹಾಗಿಲ್ಲ, ಅದಕ್ಕೊಂದು ರೀತಿಯಿದೆ. ಕೈಯಲ್ಲಿ ನೋಟೀಸು ಪುಸ್ತಕವೂ ಇದ್ದಿರಬಹುದು. ಒದ್ದೆಯಾಗದಿರಲೆಂದು ತಲೆಯ ಮೇಲೆ ಎತ್ತಿ ಹಿಡಿದಿದ್ದಾನೆ.

ಧಾರೇಶ್ವರದ ತಿರುವಿನಲ್ಲಿ ಅದು ಹೊಟ್ಟೆಯಿಂದ ಎದ್ದಿತು. ಹೊಳೆಯ ಅಗಲದ ನಗು. ಮುಂದಿನ ಸೀಟಿನ ಕೂಸು ಎಚ್ಚರಗೊಂಡಿತು. ಹಿಂದೆ ಕೂತವರಲ್ಲಿ ಯಾರೋ ಅವನನ್ನು ನೋಡಿ ನಗತೊಡಗಿದರು.

ಕಂಡಕ್ಟರ್ ಕಂಬಿ ಹಿಡಿದು ಬಗ್ಗಿದ. “ಎಂತ ಆತ್ರಾ?”

ಮಾಬ್ಲೇಶ್ವರ ಕಣ್ಣೊರೆಸಿಕೊಂಡು ಮುಖ ಗಟ್ಟಿಮಾಡಿಕೊಂಡ.

“ಎಂತದೂ ಇಲ್ಲ ಮಾರಾಯಾ” ಎಂದ. “ನಗೂದು ಸ್ವಲ್ಪ ತಡ ಆತು.”