ಮುಖ ಮನೆಗೆ ಬರಲಿ, ತಾಳು

ಅಕ್ಕನ ಎಡಗಣ್ಣಿನ ಸುತ್ತ ಸುಕ್ಕುಗಳಿದ್ದವು. ಬಲಗಣ್ಣಿನ ಸುತ್ತ ಒಂದೂ ಇರಲಿಲ್ಲ. ಕ್ಯಾಮೆರಾಕ್ಕೆ ಬಲಗಣ್ಣು ಒಡ್ಡಿ, ಎಡಗಣ್ಣು ಬಿಗಿಯಾಗಿ ಮುಚ್ಚಿ ವರ್ಷಗಟ್ಟಲೆ ನಿಂತದ್ದರ ಫಲ. ಇನ್ನೂ ಮೂವತ್ತು ತುಂಬದ ಅವರು ಬಲಗಡೆಯಿಂದ ಕಾಲೇಜು ಹುಡುಗಿ, ಎಡಗಡೆಯಿಂದ ಅದೇ ಕಾಲೇಜಿನ ಪ್ರಿನ್ಸಿಪಾಲರು. ಬಸ್ಸಿನಲ್ಲಿ ಅವರ ಎಡಕ್ಕೆ ಕೂತರೆ ನನ್ನ ಬೆನ್ನು ತಾನಾಗಿ ನೆಟ್ಟಗಾಗುತ್ತಿತ್ತು.

ಸ್ವಂತ ಅಕ್ಕನಲ್ಲ. ತುಮಕೂರಿನ ನಮ್ಮ ಮನೆಯ ಮಹಡಿ ರೂಮಿಗೆ ಬಾಡಿಗೆಗೆ ಬಂದವರು. ಕುಣಿಗಲ್ ಕಡೆಯವರು. ಸೀಸನ್ನಿನಲ್ಲಿ ಮದುವೆ ಫೋಟೋ. ಉಳಿದ ದಿನ ಹೆಗಲಿಗೊಂದು ಬ್ಯಾಗು, ಯಾವುದೋ ಹಳ್ಳಿಯ ಬಸ್ಸು. ನಾನು ಆಗಲೂ ಈಗಲೂ ಹಿರೇಹಳ್ಳಿಯ ಒಂದು ಕಾರ್ಖಾನೆಯಲ್ಲಿ ಶಿಫ್ಟ್ ಕೆಲಸಗಾರ. ಶಿಫ್ಟ್ ಇಲ್ಲದಾಗ ಆರ್ಕೆಸ್ಟ್ರಾಗಳಲ್ಲಿ ಮಿಮಿಕ್ರಿ. ಕಂಡಕ್ಟರು, ಕುಕ್ಕರು, ಕೆಟ್ಟ ಮೈಕು, ನಮ್ಮಪ್ಪ, ಎಲ್ಲರ ದನಿಗಳೂ ನನ್ನ ಗಂಟಲಲ್ಲಿ ಬಾಡಿಗೆಗಿದ್ದವು. ನನ್ನ ಸ್ವಂತ ದನಿಯನ್ನು ರಜೆ ಕೇಳುವಾಗ ಮಾತ್ರ ಬಳಸುತ್ತಿದ್ದೆ. ಅದಕ್ಕೇ ರಜೆ ಸಿಗುತ್ತಿರಲಿಲ್ಲ.

ಒಂದು ಸಂಜೆ ಮೆಟ್ಟಿಲ ಮೇಲೆ ಗೆಳೆಯರಿಗೆ ಅಕ್ಕನನ್ನೇ ಮಾಡಿ ತೋರಿಸುತ್ತಿದ್ದೆ. ಖಾಲಿ ಟಿಫಿನ್ ಡಬ್ಬಿ ಕಣ್ಣಿಗೆ ಹಿಡಿದು, ಮೊಣಕಾಲು ಬಗ್ಗಿಸಿ, ತುಟಿ ಕಚ್ಚಿ. ನಗುತ್ತಿದ್ದವರು ಇದ್ದಕ್ಕಿದ್ದಂತೆ ಗಪ್‌ಚಿಪ್ಪಾದರು. ತಿರುಗಿದರೆ ಹಿಂದೆ ಅಕ್ಕ, ಕೈಯಲ್ಲಿ ಹಾಲಿನ ಪ್ಯಾಕೆಟ್.

“ತಪ್ಪು ಕಣ್ಣು ಮುಚ್ಚಿದೀಯ,” ಅಂದರು. “ನಾನು ಮುಚ್ಚೋದು ಎಡಗಣ್ಣು. ಮಿಕ್ಕಿದ್ದೆಲ್ಲ ಪರ್ವಾಗಿಲ್ಲ. ಭಾನುವಾರ ಫ್ರೀ ಇದೀಯಾ?”

ಬೈಯುತ್ತಾರೆಂದು ಕಾದಿದ್ದವನಿಗೆ ಕೆಲಸ ಸಿಕ್ಕಿತು.

ಆ ಕೆಲಸ ಏನೆಂದು ಹೇಳಬೇಕಾದರೆ ಅಕ್ಕನ ಹಳೆಯ ಕೆಲಸ ಹೇಳಬೇಕು. ಡಿಗ್ರಿ ಮುಗಿಸಿ ಅವರು ಸೇರಿದ್ದು ಕುಣಿಗಲ್ಲಿನ ಒಂದು ಸ್ಟುಡಿಯೋ. ಅಲ್ಲಿ ಮೊದಲು ಕೊಟ್ಟದ್ದು ಫೋಟೋ ತೆಗೆಯುವ ಕೆಲಸವಲ್ಲ, ಕತ್ತರಿಸುವ ಕೆಲಸ. ಯಾರ ಮನೆಯಲ್ಲೋ ಅಜ್ಜಿ ತೀರಿಕೊಂಡರೆ ಮಕ್ಕಳು ಓಡಿಬರುತ್ತಾರೆ. ತಿಥಿಗೆ ಹಾರ ಹಾಕಲು ಫೋಟೋ ಬೇಕು. ಮನೆಯ ಗೋಡೆಯ ಮೇಲೆ ದೇವರಿದ್ದಾರೆ, ಯಜಮಾನರಿದ್ದಾರೆ, ಮೊಮ್ಮಗನ ಪದವಿಯ ಕರಿ ಗೌನೂ ಇದೆ. ಅಜ್ಜಿ ಒಬ್ಬಳೇ ಇರುವ ಫೋಟೋ ಮಾತ್ರ ಇಲ್ಲ. ಇರುವುದು ಯಾರದೋ ಮದುವೆಯ ಗುಂಪಿನಲ್ಲಿ, ಹಿಂದಿನ ಸಾಲಿನಲ್ಲಿ, ಯಾರದೋ ಭುಜದ ಆಚೆ. ಅಕ್ಕ ಆ ಮುಖವನ್ನು ಕಂಪ್ಯೂಟರಿನಲ್ಲಿ ಬಿಡಿಸಿ, ಭುಜ ಅಳಿಸಿ, ನೀಲಿ ಬಣ್ಣ ಹಿಂದಿಟ್ಟು, ರೇಷ್ಮೆ ಸೀರೆ ಉಡಿಸಬೇಕು. ಸ್ಟುಡಿಯೋದ ಕಂಪ್ಯೂಟರಿನಲ್ಲಿ ಇದ್ದದ್ದು ಒಂದೇ ಸೀರೆ, ಹಸಿರು. ಆ ಸೀಮೆಯ ಎಷ್ಟೋ ಅಜ್ಜಿಯರು ಅದೊಂದೇ ಸೀರೆ ಉಟ್ಟು ಗೋಡೆ ಹತ್ತಿದರು.

“ಸತ್ತ ಮೇಲೆ ರೇಷ್ಮೆ ಉಡ್ಸಿ ಉಡ್ಸಿ ಸಾಕಾಗೋಯ್ತು ಕಣೋ,” ಅಂದಿದ್ದರು ಅಕ್ಕ. “ಬದುಕಿರೋವಾಗ ಹತ್ತಿ ಸೀರೇಲೇ ತೆಗೀತೀನಿ ಅಂತ ಹೊರಟೆ.”

ಹೊರಟದ್ದು ಸುಲಭ, ಕೂರಿಸುವುದು ಕಷ್ಟ. ಒಬ್ಬರೇ ಕೂತು ದೊಡ್ಡ ಫೋಟೋ ತೆಗೆಸಿಕೊಳ್ಳುವುದೆಂದರೆ ಹಾರಕ್ಕೆ ಅಳತೆ ಕೊಟ್ಟಂತೆ ಎಂಬುದು ನಮ್ಮ ಕಡೆಯ ಮುದುಕಿಯರ ಲೆಕ್ಕ. ಹುಲಿಯೂರುದುರ್ಗದಲ್ಲಿ ಒಬ್ಬಾಕೆ ಕ್ಯಾಮೆರಾ ಕಂಡವಳೇ, “ಏನವ್ವಾ, ನನ್ನ ಕಳ್ಸಾಕೆ ಬಂದಿದ್ದೀಯಾ? ಹೋಗೋವಾಗ ನಿನ್ನೂ ಜೊತೇಲೆ ಕರ್ಕಂಡೋಯ್ತೀನಿ ಬಾ,” ಅಂದಳು. ಆಗ ನಾನು ಮುಂದೆ ಬಂದೆ. ಕುಣಿಗಲ್ ಬಸ್ಸಿನ ಕಂಡಕ್ಟರು ಚಿಲ್ಲರೆ ಇಲ್ಲದವರಿಗೆ ಹೇಗೆ ಬೈಯುತ್ತಾನೆ, ಬೈಸಿಕೊಂಡವರು ಸೀಟಿಗೆ ಹೋಗಿ ಅವನಿಗೆ ಹೇಗೆ ಬೈಯುತ್ತಾರೆ, ಎರಡನ್ನೂ ಮಾಡಿದೆ. ಮುದುಕಿ ಬಿದ್ದು ಬಿದ್ದು ನಕ್ಕಳು. ನಾನು ಹೆಮ್ಮೆಯಿಂದ ಅಕ್ಕನ ಕಡೆ ತಿರುಗಿದೆ. ತೆಗೆಯಿರಿ, ಇನ್ನೇನು ಬೇಕು?

ಅಕ್ಕ ತೆಗೆಯಲಿಲ್ಲ. ಮುದುಕಿ ಸೆರಗಿನಲ್ಲಿ ಕಣ್ಣೊರೆಸಿಕೊಂಡಳು, ಉಸಿರು ಬಿಟ್ಟಳು, ಅಂಗಳದ ಆಚೆ ಎಲ್ಲೋ ನೋಡಿದಳು. ನಾನು ಇನ್ನೊಂದು ದನಿ ತೆಗೆಯಲು ಬಾಯಿ ತೆರೆದೆ.

“ಶ್. ಮುಖ ಮನೆಗೆ ಬರ್ಲಿ, ತಾಳು.”

ಕ್ಲಿಕ್ ಆಮೇಲೆ. ನಗು ಊರು ಸುತ್ತಿ ಬಂದ ಮೇಲೆ ಮುಖ ತನ್ನ ಜಾಗದಲ್ಲಿ ಕೂರುತ್ತದಲ್ಲ, ಅದು ಅಕ್ಕನಿಗೆ ಬೇಕಾದ ಮುಖ. ವಾಪಸ್ ಬರುವಾಗ ಬಸ್ಸಿನಲ್ಲಿ ಹೇಳಿದರು: “ನಿಂದು ಎರಡು ಕೆಲ್ಸ. ನಗ್ಸೋದು. ಆಮೇಲೆ ಬಾಯಿ ಮುಚ್ಕೊಂಡಿರೋದು.” ಮೊದಲನೆಯದು ನನಗೆ ಹುಟ್ಟಿನಿಂದ ಬಂದಿತ್ತು. ಎರಡನೆಯದಕ್ಕೆ ನಮ್ಮಮ್ಮ, ಮೇಷ್ಟ್ರುಗಳು, ಸೂಪರ್‌ವೈಸರು ಎಲ್ಲರೂ ಪ್ರಯತ್ನಿಸಿ ಸೋತಿದ್ದರು.

ಅಕ್ಕನದೊಂದು ನೇಮವಿತ್ತು. ಪ್ರಿಂಟ್ ಹಾಕಿಸಿ, ಮತ್ತೆ ಅದೇ ಬಸ್ಸು ಹಿಡಿದು, ಆ ಮುಖದವರ ಕೈಗೇ ಕೊಡಬೇಕು. ಅವರು ಹೂಂ ಅಂದರೆ ಮಾತ್ರ ಅದು ಬೇರೆ ಗೋಡೆ ಹತ್ತಬಹುದು. ಉಹೂಂ ಅಂದರೆ ಮುಗಿಯಿತು, ವಾದವಿಲ್ಲ.

ಹೀಗೆ ಊರೂರು ಸುತ್ತಿ ಕೂಡಿಸಿದ ಮುಖಗಳಿಗೆ ಕೊನೆಗೂ ಬೆಂಗಳೂರಿನ ಒಂದು ಗ್ಯಾಲರಿಯಲ್ಲಿ ಪ್ರದರ್ಶನ ಗೊತ್ತಾಯಿತು. ಅಕ್ಕನ ಮೊದಲ ಪ್ರದರ್ಶನ. ಗ್ಯಾಲರಿಯವರಿಗೆ ಎಲ್ಲಕ್ಕಿಂತ ಹಿಡಿಸಿದ್ದು ಗುಬ್ಬಿ ತಾಲ್ಲೂಕಿನ ಹಾಗಲವಾಡಿಯ ಒಬ್ಬ ಅಜ್ಜಿಯ ಫೋಟೋ. ಜಗಲಿಯ ಮೇಲೆ ಹುಣಸೆಹಣ್ಣಿನ ಬೀಜ ಬಿಡಿಸುತ್ತ ಕೂತ ಅಜ್ಜಿ, ಬಿಗಿದ ತುಟಿ, ಮುಂದಕ್ಕೆ ಚಾಚಿದ ಗದ್ದ. ಒಳಗೆ ಕಾಲಿಟ್ಟ ಕೂಡಲೇ ಕಾಣುವ ಗೋಡೆಗೆ ಅದೇ ಅಂತ ನಿಶ್ಚಯ. ಬಾಕಿ ಇದ್ದದ್ದು ಅಜ್ಜಿಯ ಹೂಂ ಒಂದೇ.

ಗುಬ್ಬಿಯಲ್ಲಿ ಬಸ್ಸು ಬದಲಿಸಿ ಹೋದೆವು. ಅಜ್ಜಿ ಪ್ರಿಂಟನ್ನು ದೂರ ಹಿಡಿದಳು, ಹತ್ತಿರ ಹಿಡಿದಳು. ಆಮೇಲೆ ಯಾರೋ ಬಂದು ನಿಂತಿದ್ದಾರೇನೋ ಎಂಬಂತೆ ಹಿಂದೆ ತಿರುಗಿ ನೋಡಿದಳು.

“ಈವಮ್ಮ ಯಾವಾಗ್ಲಾ ಬಂದ್ಲು?”

“ಯಾರಜ್ಜಿ?”

“ನಮ್ಮತ್ತೆ! ನೋಡ್ಲಾ ಆ ತುಟಿ, ಆ ಗದ್ದ. ಈ ಮುಖದ ಕೈಲಿ ಬೈಸ್ಕಂಡೇ ನನ್ನ ಅರ್ಧ ಆಯಸ್ಸು ಹೋಯ್ತು. ಸತ್ತೂ ಸುಮ್ನಿರ್ದೆ ನನ್ ಫೋಟೋದೊಳ್ಗೆ ಬಂದು ಕುಂತವ್ಳೆ. ಇದು ನಾನಲ್ಲ ಕಣವ್ವಾ, ತಗಂಡೋಗು.”

“ಆಯ್ತಜ್ಜಿ,” ಅಂದರು ಅಕ್ಕ. ಪ್ರಿಂಟ್ ಬ್ಯಾಗಿನೊಳಗೆ ಹೋಯಿತು.

ನಾನು ಅವರನ್ನು ಪಕ್ಕಕ್ಕೆ ಎಳೆದೆ. “ಅಕ್ಕಾ, ಮೇನ್ ಗೋಡೆ ಅಕ್ಕಾ! ನಾನು ಒಪ್ಪಿಸ್ತೀನಿ ಬಿಡಿ.”

“ಮುಖ ಯಾರ್ದು?”

“ಅಜ್ಜೀದು.”

“ಮತ್ತೆ?”

ಅಷ್ಟೇ ಅಂದದ್ದು. ಆದರೆ ಬ್ಯಾಗಿನ ಜಿಪ್ ಹಾಕುವ ಮೊದಲು ಪ್ರಿಂಟನ್ನು ಇನ್ನೊಮ್ಮೆ ಹೊರತೆಗೆದು ನೋಡಿದರು. ಎಷ್ಟು ವರ್ಷದ ಓಡಾಟ ಆ ಗೋಡೆಗಾಗಿ ಎಂಬುದು ನನಗೆ ಗೊತ್ತಿತ್ತು.

ಅಜ್ಜಿ ನನ್ನನ್ನೇ ನೋಡುತ್ತಿದ್ದಳು. “ಏನ್ಲಾ, ಎಲ್ಲಾರ್ನೂವೆ ಆಡ್ಕತೀಯಲ್ಲ, ನಮ್ಮತ್ತೇನ ಮಾಡ್ಲಾ ನೋಡಾನ.”

“ನಾನು ಅವರ ದನೀನೇ ಕೇಳಿಲ್ವಲ್ಲಜ್ಜಿ.”

“ನಾನು ಕೇಳಿದೀನಲ್ಲ. ಹೇಳ್ಕೊಡ್ತೀನಿ. ಮೂಗಿನಾಗೆ ಶುರು ಮಾಡು. ಕೊನೇಲಿ ಎಳಿ. ‘ಏನೇ’ ಅನ್ನು.”

“ಏನೇ...”

“ಇನ್ನೂ ಉರಿಬೇಕು ಕಣ್ಲಾ. ನೀನು ಮಗೀಗೆ ಹಾಲು ಕುಡ್ಸೋ ತರ ಅಂತಿದೀಯ.”

ನನ್ನ ಜೀವನದಲ್ಲಿ ಅಂಥ ಗುರು ಸಿಕ್ಕಿರಲಿಲ್ಲ. ಸೊಂಟದ ಮೇಲೆ ಕೈ ಎಲ್ಲಿರಬೇಕು, ಕತ್ತು ಎಷ್ಟು ವಾಲಬೇಕು, ಎಲ್ಲ ತಿದ್ದಿದಳು. ಕೊನೆಗೆ ನನ್ನ ಗಂಟಲಿಗೆ ಆ ಅತ್ತೆ ಇಳಿದೇಬಿಟ್ಟರು.

“ಏನೇ, ಮುದ್ದೇಲಿ ಗಂಟ್ಯಾಕೆ? ನಿಮ್ಮಪ್ಪನ್ ಮನೇಲಿ ಹಿಂಗೇನೇ ತಿರ್ವೋದು?”

ಅಜ್ಜಿಯ ಕೈಯಲ್ಲಿದ್ದ ಹುಣಸೆಹಣ್ಣು ಕೆಳಗೆ ಬಿತ್ತು. ನಾನು ನಗು ಬರುತ್ತದೆಂದುಕೊಂಡಿದ್ದೆ. ಬಂದದ್ದು ಉತ್ತರ.

“ಗಂಟಿದ್ರೆ ನೀನೇ ತಿರ್ವ್ಕಳೇ ಅತ್ತೆ! ಒಂದಿನಾನಾದ್ರೂ ಉಂಡು ಚೆನ್ನಾಗೈತೆ ಅಂದ್ಯಾ? ಅಡ್ಗೆ ಮನೇಲಿ ನಿಂತು ಉಂಡೋಳು ನಾನು, ಕುಂತು ಬೈದೋಳು ನೀನು!” ದನಿ ಏರಿತು, ಪಕ್ಕದ ಮನೆಯವರು ಇಣುಕಿದರು. ಆಮೇಲೆ ಇದ್ದಕ್ಕಿದ್ದಂತೆ ಇಳಿಯಿತು. “ಕೊನೆಗಾಲ್ದಲ್ಲಿ ಗಂಟಿಲ್ದಂಗೆ ಅಂಬ್ಲಿ ಕಾಯ್ಸಿ ಕುಡಿಸ್ದೋಳೂ ನಾನೇ ಕಣೇ. ಅವಾಗ ಬೈಯಾಕೆ ನಿಂಗೆ ದನಿ ಇರ್ಲಿಲ್ಲ. ಒಂದ್ಸಲ ಬೈದಿದ್ರೆ ಚೆನ್ನಾಗಿರೋದು.”

ನನ್ನ ಬಾಯಲ್ಲಿ ಅತ್ತೆಯ ಇನ್ನೊಂದು ಮಾತು ತಯಾರಿತ್ತು. ಆಡಲಿಲ್ಲ. ಅದು ನಾನು ನಿಜವಾಗಿ ಬಾಯಿ ಮುಚ್ಚಿಕೊಂಡ ಮೊದಲ ಸಲ. ಅಜ್ಜಿಯ ಗದ್ದ ಹಿಂದೆ ಸರಿಯಿತು, ತುಟಿ ಸಡಿಲವಾಯಿತು. ಯಾರೋ ಹೊರೆ ಇಳಿಸಿಕೊಟ್ಟ ಮೇಲೆ ಇರುವಂಥ ಮುಖ. ಕ್ಲಿಕ್.

ಮುಂದಿನ ಭಾನುವಾರ ಹೊಸ ಪ್ರಿಂಟ್ ಹಿಡಿದ ಅಜ್ಜಿ ಈ ಸಲ ಹಿಂದೆ ತಿರುಗಿ ನೋಡಲಿಲ್ಲ. “ಇವ್ಳು ನಾನು,” ಅಂದಳು. ಇನ್ನೇನು ಗೋಡೆ ನಮ್ಮದೇ ಎಂದು ನಾನು ಹಿಗ್ಗುವಷ್ಟರಲ್ಲಿ, “ಇದು ಮನೇಲಿರ್ಲಿ. ಊರೋರೆಲ್ಲ ನೋಡಾಕೆ ಏನೈತೆ?” ಎಂದು ಎದ್ದು ಹೋಗಿ ಟ್ರಂಕಿನೊಳಗಿಟ್ಟಳು.

ಅಕ್ಕ ಆವತ್ತೂ “ಆಯ್ತಜ್ಜಿ” ಅಂದರು.

ಗ್ಯಾಲರಿಯವರು ಫೋನಿನಲ್ಲಿ ಕಿರುಚಿದ್ದು ನನಗೂ ಕೇಳಿಸಿತು. ಆ ಫೋಟೋ ಇಲ್ಲದಿದ್ದರೆ ಪ್ರದರ್ಶನಕ್ಕೆ ಮುಖವೇ ಇಲ್ಲ, ಮುಂದೆ ಎಂದಾದರೂ ನೋಡೋಣ ಎಂಬ ಧಾಟಿ. ಅಕ್ಕ ಶಾಂತವಾಗಿ, “ಅಲ್ಲಿ ಮೊಳೆ ಹೊಡ್ದಿಡಿ ಸಾರ್. ಖಾಲಿ ಇದ್ರೆ ಖಾಲಿ ಇರ್ಲಿ. ಮಿಕ್ಕಿದೋರೆಲ್ಲ ಹೂಂ ಅಂದಿದಾರೆ, ಅವರನ್ನ ಯಾಕೆ ವಾಪಸ್ ಕಳಿಸ್ಬೇಕು?” ಅಂದರು. ಫೋನಿಟ್ಟ ಮೇಲೆ ನಮ್ಮಮ್ಮ ಕೊಟ್ಟ ಕಾಫಿ ಅವರ ಕೈಯಲ್ಲೇ ಆರಿಹೋಯಿತು.

ಪ್ರದರ್ಶನ ಶುರುವಾಗುವ ಬೆಳಿಗ್ಗೆ ನಾವಿಬ್ಬರೂ ಗ್ಯಾಲರಿಯಲ್ಲಿದ್ದೆವು. ಎದುರು ಗೋಡೆಯಲ್ಲಿ ಬರೀ ಮೊಳೆ. ದಪ್ಪ ಕನ್ನಡಕದವರೊಬ್ಬರು ಬೇಗನೆ ಬಂದವರು ಅದರ ಮುಂದೆ ನಿಂತು ತಲೆದೂಗುತ್ತಿದ್ದರು. ಅದರಲ್ಲೇನೋ ಅರ್ಥ ಕಂಡಿರಬೇಕು. ಅಷ್ಟರಲ್ಲಿ ಅಕ್ಕನ ಫೋನ್ ರಿಂಗಾಯಿತು. ಹಾಗಲವಾಡಿಯಿಂದ, ಮೊಮ್ಮಗನ ಫೋನಿನಲ್ಲಿ ಅಜ್ಜಿ. ಬೆಂಗಳೂರು ಎಷ್ಟು ದೂರವೋ ಅಷ್ಟೇ ಜೋರಾಗಿ ಕೂಗುತ್ತಿದ್ದಳು.

“ಏನವ್ವಾ, ಮೊಳೆ ಖಾಲಿ ಐತಂತೆ?”

ಅಕ್ಕ ನನ್ನ ಕಡೆ ನೋಡಿದರು. ಹಿಂದಿನ ದಿನ ಮೊಮ್ಮಗನಿಗೆ ಫೋನ್ ಮಾಡಿ ಒದರಿದ್ದೆ. ಎರಡನೇ ಕೆಲಸ ನನಗಿನ್ನೂ ಪೂರ್ತಿ ಬಂದಿರಲಿಲ್ಲ.

“ನಂದು ನನ್ ಮನೇಲೇ ಇರ್ಲಿ. ಆ ಇನ್ನೊಂದೈತಲ್ಲ, ನಮ್ಮತ್ತೇದು, ಅದ್ನ ಹಾಕವ್ವಾ. ಆವಮ್ಮಂದೂ ಒಂದೂ ಫೋಟೋ ಇಲ್ಲ. ಬೆಂಗ್ಳೂರು ನೋಡ್ಬೇಕು ಅಂತ ಬಲೇ ಆಸೆ ಇತ್ತು ಅವ್ಳ್ಗೆ. ನೋಡ್ಕಳ್ಳಿ ಬುಡು.”

ಅಕ್ಕ ಎರಡೂ ಕಣ್ಣು ಮುಚ್ಚಿದ್ದನ್ನು ಆವತ್ತೇ ನಾನು ನೋಡಿದ್ದು. ಆಮೇಲೆ ಏಣಿ ತರಿಸಿ, ಬ್ಯಾಗಿನಲ್ಲೇ ಉಳಿದಿದ್ದ ಅತ್ತೆಯ ಪ್ರಿಂಟನ್ನು ತಾವೇ ಹತ್ತಿ ನೇತುಹಾಕಿದರು. ಕೆಳಗಿನ ಚೀಟಿಯಲ್ಲಿ ಬರೆದದ್ದು: ‘ಹಾಗಲವಾಡಿಯ ಅತ್ತೆ. ಫೋಟೋಗೆ ಕೂತವರು: ಸೊಸೆ.’

ಬಂದವರೆಲ್ಲ ಅದರ ಮುಂದೆ ನಿಲ್ಲುತ್ತಿದ್ದರು. ಹೆಂಗಸರು ಚೀಟಿ ಓದಿ, ಮತ್ತೆ ಮುಖ ನೋಡಿ, ಪಕ್ಕದವರ ಕೈ ಹಿಡಿಯುತ್ತಿದ್ದರು. ಅಲ್ಲಿಂದ ಅಕ್ಕನಿಗೆ ಬೇರೆ ಬೇರೆ ಊರುಗಳಿಂದ ಕರೆ ಬಂತು. ಈಗ ಉತ್ತರದ ಜಿಲ್ಲೆಗಳಲ್ಲೆಲ್ಲೋ ಜೋಳದ ರೊಟ್ಟಿ ತಟ್ಟುವವರ ಎದುರು ಕಾಯುತ್ತ ಕೂತಿರುತ್ತಾರೆ. ಅಲ್ಲಿ ನಗಿಸುವವರು ಯಾರೋ. ನನಗೆ ಸ್ವಲ್ಪ ಹೊಟ್ಟೆಕಿಚ್ಚು. ಮಹಡಿ ರೂಮಿಗೆ ಬ್ಯಾಂಕಿನವರೊಬ್ಬರು ಬಂದಿದ್ದಾರೆ. ಅವರನ್ನು ಮಾಡಿ ತೋರಿಸಲು ಏನೂ ಇಲ್ಲ, ಪಾಪ.

ಅಕ್ಕ ನನಗೆ ಕೊಟ್ಟದ್ದನ್ನು ದಿನಾ ಬಳಸುತ್ತೇನೆ. ಈಗ ಯಾರನ್ನು ಆಡಿಕೊಳ್ಳುವುದಿದ್ದರೂ ಮೊದಲು ಅವರೆದುರಿಗೇ ಮಾಡಿ ತೋರಿಸುತ್ತೇನೆ. ನಮ್ಮ ಸೂಪರ್‌ವೈಸರಿಗೆ ಕ್ಯಾಂಟೀನಿನಲ್ಲಿ ಅವರನ್ನೇ ಮಾಡಿ ತೋರಿಸಿದಾಗ, “ನಾನು ಇಷ್ಟು ಮೂಗಲ್ಲಿ ಮಾತಾಡ್ತೀನೇನ್ಲಾ?” ಅಂದರು, ಆಮೇಲೆ ತಾವೇ ಎರಡು ಕಡೆ ತಿದ್ದಿದರು. ಮತ್ತೆ ಸ್ಟೇಜಿನ ಮೇಲೆ, ಜನ ನಕ್ಕ ಕೂಡಲೇ ಮುಂದಿನ ದನಿಗೆ ಓಡುವುದಿಲ್ಲ. ಸುಮ್ಮನೆ ನಿಲ್ಲುತ್ತೇನೆ. ನಗು ಇಳಿಯುತ್ತದೆ. ಮುಂದಿನ ಸಾಲಿನಲ್ಲಿ ಯಾರೋ ಸೆರಗಿನಿಂದ ಕಣ್ಣೊರೆಸಿಕೊಂಡು, ಉಸಿರು ಬಿಟ್ಟು, ನನ್ನ ಆಚೆ ಎಲ್ಲೋ ನೋಡುತ್ತಾರೆ. ಮುಖ ಮನೆಗೆ ಬರುತ್ತದೆ.

ನನ್ನ ಕೈಯಲ್ಲಿ ಮೈಕು ಬಿಟ್ಟರೆ ಏನೂ ಇರುವುದಿಲ್ಲ. ಆದರೂ ಒಂದು ಕಣ್ಣು ಮುಚ್ಚುತ್ತೇನೆ. ಎಡಗಣ್ಣೇ.