ತಾಯಿಯ ಅಳುವಿಗೆ ತಕ್ಕ ಕೈ

ಕಮಲಾಪುರದ ಸಂತೆ ಬಯಲಿನಲ್ಲಿ ಬೆಳಕು ಹರಿಯುತ್ತಿದೆ. ಮೂಕಿಚಿತ್ರ ತೋರಿಸುವ ಬಯಸ್ಕೋಪಿನ ಡೇರೆಯೊಳಗೆ ರೋಷನಬಿ ರೀಲಿಲ್ಲದ ಯಂತ್ರದ ಹಿಡಿಕೆ ತಿರುಗಿಸುತ್ತಿದ್ದಾಳೆ. ಬಾಯಲ್ಲಿ ಬೀಸುವ ಪದ. ಸಾಲು ಮುಗಿಯುವ ಮೊದಲೇ ಕೈ ಮುಂದೋಡುತ್ತದೆ. ತಡೆದು, ಮತ್ತೆ ಮೊದಲಿನಿಂದ ಹಿಡಿಯುತ್ತಾಳೆ.

ಕಲಬುರಗಿಯ ಮೋಮಿನಪುರದ ಈಕೆಗೆ ಈ ಕೆಲಸ ಬಂದದ್ದು ಗಂಡ ನಬಿಸಾಬನಿಂದ. ಬಂಡಿ ಮಗುಚಿ ಭುಜ ಮುರಿದ ಮೇಲೆ ಅವನು ಯಂತ್ರದ ದೀಪ ನೋಡಿಕೊಳ್ಳುತ್ತಾನೆ, ಇವಳು ಹಿಡಿಕೆ ಹಿಡಿಯುತ್ತಾಳೆ. ಯಂತ್ರದ ಸುತ್ತ ಪರದೆ ಕಟ್ಟಿರುವುದರಿಂದ ಆಟಕ್ಕೆ ಬಂದವರಿಗೆ ಇದು ತಿಳಿಯುವುದಿಲ್ಲ. "ಜ್ವಾಳ ಬೀಸಿದ ಕೈರೀ ಇದು. ಕಲಿಯೋದೇನದ ಅಂದ್ಕೊಂಡಿದ್ದೆ," ಎನ್ನುತ್ತಾಳೆ.

ನಿನ್ನೆ ಎಡವಿದ್ದು ಅಲ್ಲಿಯೇ. ಚಿತ್ರದಲ್ಲಿ ತಾಯಿಯೊಬ್ಬಳು ಸತ್ತ ಕೂಸನ್ನು ಮಡಿಲಲ್ಲಿಟ್ಟುಕೊಂಡು ಎದೆ ಬಡಿದುಕೊಳ್ಳುತ್ತಾಳೆ. ಜೋಳ ಬೀಸುವ ಭರದಲ್ಲಿ ಕೈ ಓಡಿತು, ಕೈಯೊಡನೆ ಚಿತ್ರವೂ ಓಡಿತು. ಕಾಳು ಹೆಕ್ಕುವ ಕೋಳಿಯಂತೆ ಆ ತಾಯಿ ಕುಕ್ಕಿ ಕುಕ್ಕಿ ಬಾಗಿದಳು. ಡೇರೆ ತುಂಬ ನಗು. ಯಂತ್ರದ ಪರದೆಗೆ ಒತ್ತಿ ಕುಳಿತಿದ್ದ ಊರಿನ ಶಿವಕಾಂತಮ್ಮ ಮಾತ್ರ ಎದ್ದು ನಿಂತಳು. ಈ ವರ್ಷವಷ್ಟೇ ಮಗಳನ್ನು ಮಣ್ಣು ಮಾಡಿದವಳು. "ನಾ ಅತ್ತಾಗನೂ ಮಂದಿಗಿ ಹಿಂಗೇ ಕಂಡಿರಬೇಕು," ಎಂದು ಹೊರನಡೆದಳು.

ಆ ಮಾತು ರೋಷನಬಿಯನ್ನು ನಿದ್ದೆಗೆ ಬಿಟ್ಟಿಲ್ಲ. ಬಿಸಿಲೇರುವ ಮೊದಲೇ ಶಿವಕಾಂತಮ್ಮನ ಮನೆ ಕೇಳಿಕೊಂಡು ಹೋಗಿ, ಸಂಜೆ ಇನ್ನೊಮ್ಮೆ ಬರುವಂತೆ ಕರೆದು ಬರುತ್ತಾಳೆ. ಆ ತಾಯಿಯ ಭಾಗವನ್ನು ಸಾವಕಾಶ ತಿರುಗಿಸುತ್ತೇನೆಂದರೆ ಡೇರೆಯ ಮಾಲಕ ಅಣವೀರಪ್ಪನಿಗೆ ಹಿಡಿಸುವುದಿಲ್ಲ.

"ಮಂದಿ ನಕ್ಕರ ನಿನಗೇನ್ ಹೊಟ್ಟಿಬ್ಯಾನಿ? ಸಾವಕಾಶ ತಿರುವಿದ್ರ ದೀಪದ ಕಾವಿಗಿ ರೀಲ ಹೊತ್ತತದ. ಹೊತ್ತಿತಂದ್ರ ನಿಮ್ಮ ದಾರಿ ನಿಮಗ, ನೋಡು."

"ದೀಪ ಸಣ್ಣ ಮಾಡ್ತೀನ್ರೀ ಸಾವ್ಕಾರ್ರ," ಎನ್ನುತ್ತಾನೆ ನಬಿಸಾಬ.

"ಕತ್ತಲದಾಗ ಏನ್ ತೋರಸ್ತಿ? ನಿನ್ನ ಗಡ್ಡಾ?"

ಸಂಜೆ ಆ ತಾಯಿಯ ಸರದಿ ಬರುತ್ತಲೇ ನಬಿಸಾಬ ದೀಪ ತಗ್ಗಿಸುತ್ತಾನೆ. ರೋಷನಬಿ ಬೀಸುವ ಪದ ಬಿಟ್ಟು, ತುಟಿಯೊಳಗೇ ಜೋಗುಳ ಹಿಡಿಯುತ್ತಾಳೆ. ಕಾದ ರೀಲಿನ ವಾಸನೆ ಏಳುತ್ತದೆ. ಆದರೂ ಕೈ ಓಡುವುದಿಲ್ಲ. ಮಬ್ಬು ಬೆಳಕಿನಲ್ಲಿ ತಾಯಿ ಕೂಸಿನ ಮೇಲೆ ತಡೆತಡೆದು ಬಾಗುತ್ತಾಳೆ.

"ಕಾಣವಲ್ದೋ!" ಎಂದು ಹಿಂದಿನಿಂದ ಒಬ್ಬ ಕೂಗುತ್ತಾನೆ.

"ಬಾಯಿ ಮುಚ್ಚೋ, ಆ ತಾಯಿ ಅಳಾಕತ್ತಾಳ," ಎಂದು ಇನ್ನೊಬ್ಬ ಗದರಿಸುತ್ತಾನೆ.

ರೀಲು ಹೊತ್ತಿಕೊಳ್ಳದೆ ದಾಟುತ್ತದೆ. ಯಾರೂ ನಗುವುದಿಲ್ಲ.

ಆಟ ಮುಗಿದ ಮೇಲೆ ಶಿವಕಾಂತಮ್ಮ ಯಂತ್ರದ ಪರದೆ ಸರಿಸುತ್ತಾಳೆ. ಸೆರಗಿನ ತುದಿ ತೊಯ್ದಿದೆ. "ಇವತ್ತಿಂದು ಬ್ಯಾರೆ ಬಯಸ್ಕೋಪೇನವಾ?"

"ಅದೇರೀ ಅಮ್ಮಾ, ಅದೇ ತಾಯಿ," ಎನ್ನುತ್ತಾಳೆ ರೋಷನಬಿ. "ನಿನ್ನೆ ನಾ ಆಕಿಗಿ ಅಳ್ಲಿಕ್ಕ ಬಿಟ್ಟಿದ್ದಿಲ್ಲ."